ಶಿವಮೊಗ್ಗದ ಸರ್ವಋತು ಬಂದರು

ಕರ್ನಾಟಕದ ಅತಿ ದೊಡ್ಡ ಮೀನುಗಾರಿಕೆ ಬಂದರು ಯಾವುದು ಎಂದು ಕೇಳಿದರೆ ಜನ ಇನ್ನೂ ಮಲ್ಪೆ ಅಂತಲೇ ಹೇಳುತ್ತಾರೆ. ಜೂನ್ ತಿಂಗಳ ಒಂದು ಭಾನುವಾರ ಬೆಳಿಗ್ಗೆ ಕೈಚೀಲ ಹಿಡಿದು ಶಿವಮೊಗ್ಗದಲ್ಲಿ ಒಂದು ಸುತ್ತು ಹಾಕಿದರೆ ಈ ತಪ್ಪು ತಿಳಿವಳಿಕೆ ತಾನಾಗಿ ಹೋಗುತ್ತದೆ. ಅದೇ ಹೊತ್ತಿನಲ್ಲಿ ಮಲ್ಪೆಯ ಬೋಟುಗಳು ಒಂದಕ್ಕೊಂದು ಹಗ್ಗ ಬಿಗಿಸಿಕೊಂಡು ಮಳೆಯಲ್ಲಿ ನೆನೆಯುತ್ತ ನಿಂತಿರುತ್ತವೆ. ಏಲಂ ಕೂಗುವ ಜಾಗದಲ್ಲಿ ನಾಯಿಗಳು ಮಲಗಿರುತ್ತವೆ. ಇಲ್ಲಿಯೋ, ಸಮುದ್ರಮಟ್ಟದಿಂದ ಸುಮಾರು 570 ಮೀಟರ್ ಮೇಲೆ, ಥರ್ಮೋಕೋಲ್ ಪೆಟ್ಟಿಗೆಗಳ ಮುಂದೆ ಹಲಗೆ ಎದ್ದು ನಿಂತಿರುತ್ತದೆ: ‘ಮಲ್ಪೆ ಫ್ರೆಶ್ ಮೀನು. ಇವತ್ತೇ ಬಂದಿದ್ದು.’

ಅಲೆಯಿಲ್ಲ, ಅಳಿವೆಯಿಲ್ಲ, ಹೂಳಿಲ್ಲ, ನಿಷೇಧವಿಲ್ಲ. ಸರ್ವಋತು ಬಂದರು ಬೇಕೆಂದು ಕರಾವಳಿಯವರು ಮನವಿ ಬರೆದು ಬರೆದು ಸುಸ್ತಾದರು. ನಾವು ನಾಲ್ಕಡಿ ಆರಡಿಯ ಒಂದು ಫ್ಲೆಕ್ಸಿನಲ್ಲಿ ಕೆಲಸ ಮುಗಿಸಿದೆವು.

ಅಸಲಿ ಬಂದರಿನ ಕಷ್ಟ ನೋಡಿ. ಜೂನ್ 1ರಿಂದ ಜುಲೈ 31ರವರೆಗೆ, ಲೆಕ್ಕ ಹಾಕಿ 61 ದಿನ, ಪಶ್ಚಿಮ ಕರಾವಳಿಯಲ್ಲಿ ಯಾಂತ್ರೀಕೃತ ಬೋಟುಗಳು ಕಡಲಿಗೆ ಇಳಿಯುವಂತಿಲ್ಲ. ಬಹಳಷ್ಟು ಮೀನು ಮೊಟ್ಟೆಯಿಡುವ ಕಾಲ ಅದು. ಕಡಲೂ ಆಗ ಯಾರ ಮಾತೂ ಕೇಳುವುದಿಲ್ಲ. 10 ಅಶ್ವಶಕ್ತಿಯೊಳಗಿನ ಮೋಟಾರು ಕಟ್ಟಿದ ನಾಡದೋಣಿಗಳಿಗೆ ಮಾತ್ರ ವಿನಾಯಿತಿ. ಅವರೂ ಸುಮ್ಮನೆ ಹೋಗುವುದಿಲ್ಲ. ಮೊದಲೊಂದು ತೂಫಾನ್ ಆಗಬೇಕು, ಕಡಲಿನ ತಳ ಕಲಕಬೇಕು, ಆಮೇಲೆ ನೀರು ತುಸು ತಣ್ಣಗಾಗಬೇಕು. ಆಗ ದಡದ ಹತ್ತಿರ ಸಿಗಡಿ, ಬೂತಾಯಿ ಸಿಕ್ಕರೆ ಸಿಕ್ಕಿತು. ಆ ಮೀನು ಉಡುಪಿ ದಾಟುವುದೇ ಅಪರೂಪ. ಬುಟ್ಟಿ ಇಳಿಯುವ ಮೊದಲೇ ಅಲ್ಲಿನವರು ಮುಗಿಬಿದ್ದು ಒಯ್ಯುತ್ತಾರೆ.

ಉಳಿದ ಬೋಟುಗಳಿಗೆ ಅದು ದುರಸ್ತಿಯ ಹಂಗಾಮು. ಎಂಜಿನ್ ಬಿಚ್ಚುತ್ತಾರೆ, ತಳಕ್ಕೆ ಅಂಟಿದ ಚಿಪ್ಪು ಕೆರೆಯುತ್ತಾರೆ, ಪೇಂಟ್ ಬಳಿಯುತ್ತಾರೆ, ಹರಿದ ಬಲೆಯನ್ನು ಕಣ್ಣು ಕಣ್ಣಾಗಿ ಹೆಣೆಯುತ್ತಾರೆ. ಒಡಿಶಾ, ಜಾರ್ಖಂಡ್ ಕಡೆಯ ಕಲಾಸಿಗಳು, ಅಂದರೆ ಬೋಟಿನ ಕೆಲಸಗಾರರು, ರೈಲು ಹತ್ತುತ್ತಾರೆ. ಮೀನಿಲ್ಲದ ಮೇಲೆ ಐಸಿಗೆ ಏನು ಕೆಲಸ? ಐಸ್ ಪ್ಲಾಂಟೂ ಬಾಗಿಲು ಹಾಕುತ್ತದೆ. ಈ ಖಾಲಿ ತಿಂಗಳುಗಳಿಗೆ ಉಳಿತಾಯ ಮತ್ತು ಪರಿಹಾರ ಯೋಜನೆ ಅಂತ ಒಂದಿದೆ: ಹಿಂದೆ ಮೀನುಗಾರ 1,500 ರೂಪಾಯಿ ಕಟ್ಟಿದರೆ ಸರ್ಕಾರಗಳು 3,000 ಸೇರಿಸಿ ಒಟ್ಟು 4,500 ರೂಪಾಯಿಯನ್ನು ಮೂರು ತಿಂಗಳಿಗೆ ಹಂಚಿ ಕೊಡುತ್ತಿದ್ದವು. ತಿಂಗಳಿಗೆ 1,500. ಶಿವಮೊಗ್ಗ ಬಂದರಿನಲ್ಲಿ ಜೂನ್ ತಿಂಗಳ ಅಂಜಲ್ ರೇಟು ಕೇಳಿದವರಿಗೆ ಈ ಮೊತ್ತದಲ್ಲಿ ಎಷ್ಟು ತುಂಡು ಬರುತ್ತದೆ ಎಂದು ಬಿಡಿಸಿ ಹೇಳಬೇಕಿಲ್ಲ.

ಹೂಳಿನ ವಿಷಯದಲ್ಲೂ ನಾವೇ ಮುಂದು. ಮಲ್ಪೆ ಇರುವುದು ಉದ್ಯಾವರ ಹೊಳೆಯ ಬಾಯಲ್ಲಿ. ಹೊಳೆ ಮಣ್ಣು ತರುತ್ತದೆ, ಕಡಲು ಮರಳು ತಳ್ಳುತ್ತದೆ, ಎರಡೂ ಸೇರಿ ಅಳಿವೆಯಲ್ಲಿ ದಿಬ್ಬ ಕಟ್ಟುತ್ತವೆ. ಇಳಿತದ ಹೊತ್ತಿಗೆ ಮೀನು ತುಂಬಿಕೊಂಡು ಬಂದ ಬೋಟಿನ ತಳ ಅದಕ್ಕೆ ತಾಗುತ್ತದೆ. ಬೋಟು ನಡೆಸುವ ತಂಡೇಲ ಉಬ್ಬರ ಬರುವ ತನಕ ಹೊರಗೇ ಕಾಯಬೇಕು. ಆಮೇಲೆ ಹೂಳೆತ್ತುವ ಟೆಂಡರು, ಎತ್ತಿದ್ದನ್ನು ಎಲ್ಲಿ ಸುರಿಯುವುದೆಂಬ ಪತ್ರವ್ಯವಹಾರ, ಅದು ಮುಗಿಯುವುದರೊಳಗೆ ಮುಂದಿನ ಮಳೆ. ಕುಂದಾಪುರದ ಹತ್ತಿರದ ಗಂಗೊಳ್ಳಿ ಬಂದರಿನದು ಇನ್ನೂ ಒಂದು ಕೈ ಮೇಲು. ಅಲ್ಲಿ ಐದು ಹೊಳೆಗಳು ಒಂದೇ ಬಾಯಲ್ಲಿ ಕಡಲು ಸೇರುತ್ತವೆ. ಆ ಐದರಲ್ಲಿ ವಾರಾಹಿ, ಚಕ್ರಾ ಹುಟ್ಟುವುದು ನಮ್ಮ ಕಡೆ. ಗುಡ್ಡದ ನೆತ್ತಿಗೆ ಜೆಸಿಬಿ ಹತ್ತಿಸಿ ಹೋಂಸ್ಟೇಗೆ ಸೈಟು ಸಮ ಮಾಡಿದ ಮಣ್ಣಿನಲ್ಲಿ ಅಣೆಕಟ್ಟುಗಳು ತಡೆದು ಮಿಕ್ಕಿದ್ದು ಹೋಗಿ ಕೂರುವುದು ಅಲ್ಲೇ. ಮಲೆನಾಡು ಕರಾವಳಿಗೆ ಏನೂ ಕೊಟ್ಟಿಲ್ಲ ಎಂದು ಇನ್ನು ಮುಂದೆ ಯಾರೂ ಹೇಳಬಾರದು.

ಕೊಟ್ಟಿದ್ದೆವು ಕೂಡ, ಒಂದು ಕಾಲದಲ್ಲಿ. ಬಿದನೂರಿನಿಂದ ಆಳಿದ ಕೆಳದಿ ಅರಸರ ಅಕ್ಕಿ, ಮೆಣಸು ಘಟ್ಟ ಇಳಿದು ಬಸ್ರೂರು, ಹೊನ್ನಾವರ, ಮಂಗಳೂರಿನಲ್ಲಿ ಹಡಗು ಹತ್ತುತ್ತಿದ್ದವು. 1650ರ ದಶಕದಲ್ಲಿ ಶಿವಪ್ಪ ನಾಯಕ ಪೋರ್ಚುಗೀಸರ ಕೈಯಿಂದ ಆ ಕೋಟೆಗಳನ್ನು ಕಿತ್ತುಕೊಂಡಿದ್ದ. ಅದಕ್ಕೆ ದಂಡು ಬೇಕಾಯಿತು, ಮದ್ದುಗುಂಡು ಬೇಕಾಯಿತು, ವರ್ಷಗಳು ಹಿಡಿದವು. ಪಾಪ, ಆಗ ಫ್ಲೆಕ್ಸ್ ಪ್ರಿಂಟಿಂಗ್ ಇರಲಿಲ್ಲ.

ಆ ಕಾಲದ ಮಲೆನಾಡಿಗೆ ಮಳೆಗಾಲದ ಮೀನೆಂದರೆ ಒಣಮೀನು. ಮೂರು ನಾಲ್ಕು ಪಾಲು ಮೀನಿಗೆ ಒಂದು ಪಾಲು ಉಪ್ಪು ಹಾಕಿ, ಕಡಲದಂಡೆಯ ಬಿಸಿಲಿಗೆ ಹರವಿ ಒಣಗಿಸಿದ್ದು ಮಳೆಗೆ ಮುಂಚೆ ಘಟ್ಟ ಹತ್ತಿ ಸಂತೆಗೆ ಬರುತ್ತಿತ್ತು. ಕೊಂಡವರು ಅದನ್ನು ಒಲೆಯ ಮೇಲಿನ ಅಟ್ಟದಲ್ಲಿ ಹೊಗೆ ತಾಗುವಂತೆ ಇಡುತ್ತಿದ್ದರು. ವಾಸನೆ ಊರಿಗೆಲ್ಲ ಗೊತ್ತಾಗುತ್ತಿತ್ತು, ನಿಜ. ಆದರೆ ಅದನ್ನು ‘ಇವತ್ತೇ ಬಂದಿದ್ದು’ ಅಂತ ಯಾರೂ ಮಾರಲಿಲ್ಲ. ಕರಾವಳಿಯಲ್ಲೂ ಆಗ ಈಗಿನಂಥ ಜಟ್ಟಿ ಇರಲಿಲ್ಲ. ರಂಪಣಿ ಬಲೆಯ ಎರಡು ತುದಿಗೆ ಊರಿಗೆ ಊರೇ ಹಗ್ಗ ಹಿಡಿದು ಮರಳಿಗೆ ಎಳೆಯುತ್ತಿತ್ತು, ಹೆಚ್ಚಾದ ಬೂತಾಯಿ ತೆಂಗಿನ ಬುಡಕ್ಕೆ ಗೊಬ್ಬರವಾಗುತ್ತಿತ್ತು. 1960ರ ದಶಕದಲ್ಲಿ ಇಂಡೋ-ನಾರ್ವೇಜಿಯನ್ ಮೀನುಗಾರಿಕೆ ಯೋಜನೆ ಕಾರವಾರಕ್ಕೆ ಬಂತು, ಕಡಲ ತಳದಲ್ಲಿ ಬಲೆ ಎಳೆಯುವ ಟ್ರಾಲ್ ಬೋಟುಗಳು ಹೆಚ್ಚಿದವು. 70ರ ದಶಕದ ನಡುವೆ ಮೀನಿನ ಹಿಂಡನ್ನೇ ಸುತ್ತುವರಿದು ಹಿಡಿಯುವ ಪರ್ಸಿನ್ ಬಲೆ ಇಳಿಯಿತು, ರಂಪಣಿಯ ಹಗ್ಗ ಹಿಡಿದವರು ಕೈ ಖಾಲಿ ಮಾಡಿಕೊಂಡರು. ಆ ಜಗಳ ದೊಡ್ಡದು, ಇಲ್ಲಿ ಹಿಡಿಸುವುದಿಲ್ಲ.

ಈಗ ‘ಇವತ್ತೇ’ ಎಂಬ ಪದಕ್ಕೆ ಬರೋಣ. ಮಲ್ಪೆಯಲ್ಲೇ ಅದಕ್ಕೆ ಎರಡು ಅರ್ಥ. ಪರ್ಸಿನ್ ಬೋಟು ಬೆಳಗಿನ ಜಾವ ಹೋಗಿ ಅಂದೇ ವಾಪಸಾಗುತ್ತದೆ. ಅದರ ಬಂಗುಡೆ ನಿಜಕ್ಕೂ ಇವತ್ತಿನದು. ಆಳಸಮುದ್ರದ ಟ್ರಾಲ್ ಬೋಟು ಹೋದರೆ ಎಂಟು ಹತ್ತು ದಿನ. ಮೊದಲ ದಿನ ಬಲೆಗೆ ಬಿದ್ದ ಮದಿಮಾಳ್, ಬೊಂಡಾಸ್ ಐಸಿನಡಿ ಹತ್ತು ದಿನ ಕಳೆದು ದಡ ನೋಡುತ್ತವೆ. ಅಂದರೆ ಹಂಗಾಮಿನಲ್ಲೂ ‘ಇವತ್ತೇ ಬಂದಿದ್ದು’ ಸತ್ಯವೇ, ‘ಇವತ್ತೇ ಹಿಡಿದದ್ದು’ ಬೇರೆ ಪ್ರಶ್ನೆ. ಇದರಲ್ಲಿ ಮೋಸವಿಲ್ಲ. ಐಸು ಸರಿಯಿದ್ದರೆ ಹತ್ತು ದಿನದ ಮೀನೂ ತಿನ್ನುವಂತಿರುತ್ತದೆ, ಐಸು ತಪ್ಪಿದರೆ ಇವತ್ತಿನದೂ ಸಂಜೆಯೊಳಗೆ ಕೆಡುತ್ತದೆ.

ಸರಿ ಅಂದರೆ ಹೀಗೆ: ಕಿಲೋ ಮೀನಿಗೆ ಕಿಲೋ ಐಸು. ಪೆಟ್ಟಿಗೆಯ ತಳಕ್ಕೆ ಪುಡಿ ಐಸು, ಮೇಲೆ ಒಂದು ಸಾಲು ಮೀನು, ಮತ್ತೆ ಐಸು, ಕೊನೆಗೆ ಐಸಿನ ಮುಚ್ಚಳ. ಕರಗಿದ ನೀರು ಹೊರಗೆ ಹೋಗಲು ತಳದಲ್ಲಿ ತೂತಿರಬೇಕು. ಐಸಿಗೆ ದುಡ್ಡು ಉಳಿಸಿದಲ್ಲಿ ಮೊದಲ ತಪ್ಪು. ತೂತು ಮುಚ್ಚಿದಲ್ಲಿ ಎರಡನೆಯದು. ಆಗ ಮೀನು ತನ್ನದೇ ರಕ್ತದ ನೀರಲ್ಲಿ ನೆನೆದು ಹೊಟ್ಟೆ ಒಡೆದುಕೊಳ್ಳುತ್ತದೆ, ಬೂತಾಯಿ ಎಲ್ಲಕ್ಕಿಂತ ಮೊದಲು. ಇನ್ನು ತೂತು ಬಿಟ್ಟರೆ ಆ ನೀರು ರಸ್ತೆಗೆ. ಮೀನಿನ ಹೆಜ್ಜೆ ಕಂಡವರಿಲ್ಲ ಅನ್ನುತ್ತಾರೆ. ಮೀನು ಲಾರಿಯ ಹೆಜ್ಜೆಯನ್ನು ಘಾಟಿಯ ತಿರುವಿನಲ್ಲಿ ಜಾರಿ ಬಿದ್ದ ಬೈಕಿನವರೆಲ್ಲ ಕಂಡಿದ್ದಾರೆ.

ಘಾಟಿ ಅಂದಾಗ ನೆನಪಾಯಿತು. ರಾಷ್ಟ್ರೀಯ ಹೆದ್ದಾರಿ 169ಎ ಒಂದು ತುದಿ ತೀರ್ಥಹಳ್ಳಿ, ಇನ್ನೊಂದು ತುದಿ ಮಲ್ಪೆ. ಮೀನಿಗಾಗಿಯೇ ಹಾಕಿಸಿದಂತಿರುವ ರಸ್ತೆ. ನಡುವೆ ಆಗುಂಬೆ, 14 ತಿರುವು. ಜೋರು ಮಳೆಗೆ ಗುಡ್ಡ ಜರಿಯುವ ಭಯಕ್ಕೆ ಅಲ್ಲಿ ಭಾರೀ ವಾಹನಗಳನ್ನು ತಡೆಯುವ ಆದೇಶ ಮಳೆಗಾಲದಲ್ಲಿ ಹೊಸದೇನಲ್ಲ. ಅಂದರೆ ಕೆಳಗೆ ಮೀನು ಹಿಡಿಯುವಂತಿಲ್ಲ, ನಡುವೆ ಲಾರಿ ಹತ್ತುವಂತಿಲ್ಲ, ಮೇಲೆ ಮಾತ್ರ ಇವತ್ತಿನ ಮೀನು. ಬಿರುಗಾಳಿಗೆ ಸಿಕ್ಕ ಹಡಗನ್ನು ಮಧ್ವಾಚಾರ್ಯರು ವಸ್ತ್ರ ಬೀಸಿ ಮಲ್ಪೆಯ ದಡ ಸೇರಿಸಿದರು, ಅದರಲ್ಲಿದ್ದ ಗೋಪಿಚಂದನದ ಗಡ್ಡೆಯೊಳಗೆ ಕೃಷ್ಣ ಸಿಕ್ಕ ಎಂದು ಐತಿಹ್ಯ. ಇಲ್ಲಿ ಬಟ್ಟೆಯನ್ನೂ ಬೀಸದೆ ಹಡಗನ್ನು ಘಟ್ಟ ಹತ್ತಿಸಿದ್ದಾರೆ.

ಹಾಗಾದರೆ ಪೆಟ್ಟಿಗೆಯಲ್ಲಿರುವುದು ಏನು? ಪೂರ್ವ ಕರಾವಳಿಯದೂ 61 ದಿನದ ನಿಷೇಧ, ಏಪ್ರಿಲ್ 15ರಿಂದ ಜೂನ್ 14. ಎರಡನ್ನೂ ಒಂದೇ ಕ್ಯಾಲೆಂಡರಿನಲ್ಲಿ ಗುರುತು ಹಾಕಿ. ಜೂನ್ 1ರಿಂದ 14ರವರೆಗೆ ದೇಶದ ಎರಡೂ ದಡದಲ್ಲಿ ಯಾಂತ್ರೀಕೃತ ಬೋಟುಗಳಿಗೆ ಬೀಗ. ಆ ಎರಡು ವಾರ ಇಲ್ಲಿ ಹಲಗೆಯ ಅಕ್ಷರ ಇನ್ನಷ್ಟು ದಪ್ಪಗಾಗುತ್ತದೆ. ಜೂನ್ 15ರ ನಂತರ ತಮಿಳುನಾಡು, ಆಂಧ್ರದ ಮೀನು ಬರಬಹುದು. ಅದಕ್ಕೆ ಮುಂಚಿನದು ಕೋಲ್ಡ್ ಸ್ಟೋರೇಜಿನದು, ಹೊರದೇಶದಿಂದ ಫ್ರೀಜ್ ಆಗಿ ಬಂದದ್ದು, ಇಲ್ಲವೇ ಕೆರೆಯಲ್ಲಿ ಸಾಕಿದ್ದು. ಇದ್ಯಾವುದೂ ಅಪರಾಧವಲ್ಲ. ಸರಿಯಾಗಿ ಫ್ರೀಜ್ ಮಾಡಿದ ಬಂಗುಡೆ, ಐಸಿಲ್ಲದೆ ಮಧ್ಯಾಹ್ನದ ತನಕ ಹಲಗೆಯ ಮೇಲೆ ಬಿದ್ದ ‘ಫ್ರೆಶ್’ ಬಂಗುಡೆಗಿಂತ ಎಷ್ಟೋ ಮೇಲು. ತಮಿಳುನಾಡಿನ ಮೀನು ಅಂತಲೇ ಹಲಗೆ ಬರೆದರೆ ಯಾರ ಗಂಟು ಹೋಗುತ್ತಿತ್ತು? ಆದರೆ ‘ಮಲ್ಪೆ’ ಈಗ ಊರಿನ ಹೆಸರಾಗಿ ಉಳಿದಿಲ್ಲ, ಮಸಾಲೆಯ ಹೆಸರಾಗಿದೆ.

ಗುರುತು ಹಿಡಿಯಲು ಪದವಿ ಬೇಕಿಲ್ಲ. ಕರಗಿಸಿದ ಮೀನಿನ ಕಣ್ಣು ಬೆಳ್ಳಗೆ ಮಸುಕಾಗಿರುತ್ತದೆ, ಒತ್ತಿದರೆ ಮಾಂಸ ನೀರು ಬಿಡುತ್ತದೆ, ಬೆರಳಿನ ಗುಂಡಿ ಹಾಗೇ ಉಳಿಯುತ್ತದೆ. ತಾಜಾ ಮೀನಿನ ಕಣ್ಣು ಉಬ್ಬಿ ಹೊಳೆಯುತ್ತದೆ, ಕಿವಿರು ಕೆಂಪಗಿರುತ್ತದೆ, ಒತ್ತಿದ ಗುಂಡಿ ತಕ್ಷಣ ಮೇಲೇಳುತ್ತದೆ. ತವಾಕ್ಕೆ ಬಿದ್ದ ಮೇಲೆ ಅಂಜಲ್ ತುಂಡಿನ ಬಗ್ಗೆ ಅನುಮಾನ ಬಂದರೆ ಮುಳ್ಳು ನೋಡಿ: ನಡುಮೂಳೆ ಬಿಟ್ಟರೆ ಕಾಟ ಕೊಡುವ ಮುಳ್ಳು ಅದರಲ್ಲಿಲ್ಲ. ತುತ್ತು ತುತ್ತಿಗೂ ಕವಲು ಮುಳ್ಳು ಸಿಕ್ಕರೆ ತಟ್ಟೆಯಲ್ಲಿರುವುದು ಕೆರೆಯ ಕಾಟ್ಲಾ, ರೇಟು ಮಾತ್ರ ಅಂಜಲಿನದು. ಬಂಗುಡೆಯ ವಿಷಯದಲ್ಲಿ ತಮಾಷೆ ಬೇಡ. ಬೆಚ್ಚಗೆ ಬಿಟ್ಟರೆ ಅದರಲ್ಲಿ ಹಿಸ್ಟಮಿನ್ ಹುಟ್ಟುತ್ತದೆ, ಎಷ್ಟು ಕುದಿಸಿದರೂ ಹೋಗುವುದಿಲ್ಲ, ಮುಖ ಕೆಂಪಾಗಿ ಮೈ ತುರಿಸುತ್ತದೆ. ಅದನ್ನೂ ನಮ್ಮಲ್ಲಿ ‘ಮೀನು ನಂಜು’ ಎಂದು ಮೀನಿನ ತಲೆಗೇ ಕಟ್ಟುತ್ತಾರೆ.

ವಿಚಿತ್ರವೆಂದರೆ ಜೂನಿನ ಆ ಎರಡು ವಾರಗಳಲ್ಲಿ ಮಲೆನಾಡಿನಲ್ಲಿ ಇವತ್ತೇ ಹಿಡಿದ ಮೀನು ಇದ್ದೇ ಇರುತ್ತದೆ. ಮೊದಲ ಮಳೆಗೆ ಹಳ್ಳ ತುಂಬಿ ಗದ್ದೆಗೆ ಏರುವ ಹತ್ತುಮೀನು; ಕೂಣಿ ಎಂಬ ಬಿದಿರಿನ ಬೋನು ಇಟ್ಟು ಕಾಯುವವರಿಗೆ ರಾತ್ರಿಯಿಡೀ ನಿದ್ದೆಯಿಲ್ಲ. ಅವೂ ಹೊಟ್ಟೆ ತುಂಬ ಮೊಟ್ಟೆ ಹೊತ್ತೇ ಹತ್ತುತ್ತವೆ. ಕಡಲಿನ ಮೀನಿಗೆ 61 ದಿನ ಬಾಣಂತನ, ಹಳ್ಳದ ಮೀನಿಗೆ ನೇರ ಬಾಣಲೆ.

ಆಗಸ್ಟ್ ಬಂತೆನ್ನಿ. ನಿಷೇಧ ಮುಗಿಯಿತು, ಕಡಲು ಇನ್ನೂ ಒಪ್ಪದೆ ಕೆಲವು ದಿನ ಕಾಯಿಸಿತು, ನೂಲ ಹುಣ್ಣಿಮೆಗೆ ಮಲ್ಪೆಯ ವಡಭಾಂಡೇಶ್ವರದ ಕಡಲಿಗೆ ಹಾಲು, ತೆಂಗಿನಕಾಯಿ ಬಿತ್ತು, ಬೋಟುಗಳು ಹೊರಟವು. ಕೊನೆಗೊಂದು ದಿನ ಅಸಲಿ ಮಲ್ಪೆ ಬಂಗುಡೆ, ಅಸಲಿ ಐಸಿನಲ್ಲಿ, ಅದೇ ಹಲಗೆಯ ಮುಂದೆ ಇಳಿಯುತ್ತದೆ. ಗಿರಾಕಿ ಕಿವಿರು ಎತ್ತಿ ನೋಡುತ್ತಾನೆ, ಕಣ್ಣು ನೋಡುತ್ತಾನೆ, ಮತ್ತೆ ಕಿವಿರು ನೋಡುತ್ತಾನೆ.

“ಏನಣ್ಣ, ಇಷ್ಟು ಕೆಂಪಗಿದೆ, ಬಣ್ಣ ಗಿಣ್ಣ ಹಾಕಿದೀರಾ?”

“ಇಲ್ಲ ಸಾರ್, ಇವತ್ತಿನ ಮೀನು.”

“ಹೋದ ತಿಂಗಳು ಕೊಟ್ಟಿರಲ್ಲ, ಕಣ್ಣು ಬೆಳ್ಳಗಿತ್ತು, ಆ ಮಲ್ಪೆ ಮೀನು ಇದ್ರೆ ಕೊಡಿ.”