ಸಹಿ ಸಹವಾಸ

ನಮ್ಮ ತಂದೆ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತರಾಗಿದ್ದರು. ಸಹಿ ಎಂದರೆ ಅವರಿಗೆ ಹಾವು ಕಂಡಷ್ಟು ಹೆದರಿಕೆ. ‘ಸಹಿ ಹಾಕಿ ಮನೆಮಠ ಕಳೆದುಕೊಂಡವರನ್ನು ನೂರು ಜನ ನೋಡಿದ್ದೇನೆ. ಕಂಡವರ ಸಹಿ ಹಾಕಿಸಿಕೊಂಡು ಉದ್ಧಾರವಾದವನನ್ನು ಒಬ್ಬನನ್ನೂ ನೋಡಿಲ್ಲ’ ಎನ್ನುತ್ತಿದ್ದರು. ಅಂಥವರ ಮಗನಾಗಿ ಹುಟ್ಟಿ, ಹನ್ನೆರಡನೆಯ ವಯಸ್ಸಿಗೇ ನಾನು ಆಟೋಗ್ರಾಫ್ ಸಂಗ್ರಹಿಸುವ ಹುಚ್ಚು ಹಚ್ಚಿಕೊಂಡೆ.

ಪುಸ್ತಕ ಕೊಳ್ಳಲು ದುಡ್ಡು ಕೇಳಿದಾಗ ಅವರು ಮೊದಲು ಗಾಂಧೀಜಿಯನ್ನು ಎಳೆದು ತಂದರು. ಗಾಂಧೀಜಿ ಒಂದು ಹಸ್ತಾಕ್ಷರಕ್ಕೆ ಐದು ರೂಪಾಯಿ ಇಸಿದುಕೊಂಡು ಹರಿಜನ ನಿಧಿಗೆ ಸೇರಿಸುತ್ತಿದ್ದರಂತೆ. ಪುಕ್ಕಟೆ ಸಿಗುವ ಸಹಿಗೆ ಏನು ಬೆಲೆ? ಆಮೇಲೆ ಜೇಬಿನಿಂದ ಹತ್ತು ರೂಪಾಯಿಯ ನೋಟು ತೆಗೆದು, ‘ಸಹಿ ತಾನೇ ಬೇಕು? ಇಲ್ಲಿದೆ ನೋಡು. ರಿಸರ್ವ್ ಬ್ಯಾಂಕ್ ಗವರ್ನರದ್ದು. ಹಿಂದಿಯಲ್ಲೊಂದು, ಇಂಗ್ಲಿಷಿನಲ್ಲೊಂದು’ ಎಂದು ಕೈಗಿಟ್ಟರು. 1982ರಿಂದ 1985ರವರೆಗೆ ಗವರ್ನರ್ ಆಗಿದ್ದವರು ಮನಮೋಹನ್ ಸಿಂಗ್. ಅದು ಅವರ ಸಹಿಯ ನೋಟು. ನಾನು ಅದನ್ನು ಜೋಪಾನ ಮಾಡಲಿಲ್ಲ. ಆಟೋಗ್ರಾಫ್ ಪುಸ್ತಕ ಕೊಂಡು, ಮಿಕ್ಕಿದ್ದರಲ್ಲಿ ಮಸಾಲೆ ದೋಸೆ ತಿಂದು ಬಂದೆ. 1991ರಲ್ಲಿ ಅವರು ಹಣಕಾಸು ಸಚಿವರಾದಾಗ ಒಮ್ಮೆ, 2004ರಲ್ಲಿ ಪ್ರಧಾನಿಯಾದಾಗ ಇನ್ನೊಮ್ಮೆ ಆ ದೋಸೆ ನೆನಪಾಯಿತು. ಅಚ್ಚು ಹಾಕಿದ ಸಹಿ ಲೆಕ್ಕಕ್ಕಿಲ್ಲ ಎನ್ನುವವರಿದ್ದಾರೆ. ಇರಬಹುದು. ಆದರೆ ಬೇರೆ ಯಾರ ಸಹಿಗೆ ಹೋಟೆಲಿನಲ್ಲಿ ದೋಸೆ ಕೊಡುತ್ತಾರೆ?

ಅಂಗೈಯಗಲದ ಪುಸ್ತಕ. ರಟ್ಟಿನ ಮೇಲೆ ಗುಲಾಬಿ ಹೂವಿನ ಚಿತ್ರ, ಒಳಗೆ ತಿಳಿಗೆಂಪು, ಹಳದಿ, ತಿಳಿಹಸಿರು ಹಾಳೆಗಳು. ನಮ್ಮ ಊರಿಗೆ ಸಹಿ ಹಾಕುವಂಥ ದೊಡ್ಡವರು ಬರುವ ವಾಡಿಕೆ ಇರಲಿಲ್ಲವಾದ್ದರಿಂದ ನಾಲ್ಕು ವರ್ಷ ಅದು ಖಾಲಿಯೇ ಉಳಿಯಿತು. ಆ ಬಿಡುವಿನಲ್ಲಿ ನಾನು ನನ್ನದೇ ಸಹಿಯನ್ನು ಅಭ್ಯಾಸ ಮಾಡಿದೆ. ಮುಂದೊಂದು ದಿನ ಜನ ಮುಗಿಬಿದ್ದು ಕೇಳಿದಾಗ ತಡಬಡಾಯಿಸಬಾರದಲ್ಲ! ಗಣಿತದ ನೋಟ್‌ಬುಕ್ಕಿನ ಹಿಂಬದಿಯ ಪುಟಗಳೆಲ್ಲ ಅದಕ್ಕೇ ಮೀಸಲು. ಮೊದಲ ಅಕ್ಷರದ ತಲೆಕಟ್ಟು ಆಕಾಶಕ್ಕೆ ಚಿಮ್ಮಬೇಕು, ಕೊನೆಯ ಅಕ್ಷರದ ಬಾಲ ಹಿಂದಕ್ಕೆ ಸುತ್ತಿ ಬಂದು ಮೊದಲನೆಯದರ ಹೊಟ್ಟೆಯನ್ನು ಸೀಳಬೇಕು, ಕೆಳಗೆ ಎರಡು ಗೆರೆ, ಗೆರೆಯ ಕೆಳಗೆ ಎರಡು ಚುಕ್ಕಿ. ಚುಕ್ಕಿ ಏಕೆಂದು ಕೇಳಬೇಡಿ.

1989ರಲ್ಲಿ ಎಸ್ಸೆಸ್ಸೆಲ್ಸಿಯ ಬೀಳ್ಕೊಡುಗೆಯ ದಿನ ಪುಸ್ತಕಕ್ಕೆ ಯೋಗ ಕೂಡಿಬಂತು. ತರಗತಿಯ ಅಷ್ಟೂ ಜನರ ಪುಸ್ತಕಗಳು ಬೆಂಚಿನಿಂದ ಬೆಂಚಿಗೆ ಹರಿದಾಡುತ್ತಿದ್ದವು. ಒಬ್ಬ ಪುಟದ ಮೂಲೆ ಮಡಿಸಿ ಮೇಲೆ ‘ದಯವಿಟ್ಟು ಬಿಡಿಸಬೇಡ’ ಎಂದು ಬರೆದಿದ್ದ. ಬಿಡಿಸಿದರೆ ಒಳಗೆ, ‘ಹೇಳಿದ ಮಾತು ಯಾವತ್ತು ಕೇಳಿದ್ದೀಯ, ಮಂಗ’. ಇಡೀ ತರಗತಿಯಲ್ಲಿ ನಾನು ಮಾತನಾಡಿಸಲು ಹೆದರುತ್ತಿದ್ದ ಹುಡುಗಿಯೊಬ್ಬಳು ತಿಳಿಗೆಂಪು ಹಾಳೆಯನ್ನೇ ಆರಿಸಿಕೊಂಡು, ‘ಆರ್ದಿಕ ಶುಬಾಶಯಗಳು, ನಿನ್ನ ಬವಿಷ್ಯ ಉತ್ತಮವಾಗಿರಲಿ’ ಎಂದು ಬರೆದುಕೊಟ್ಟಳು. ನನಗೆ ಒಂದಕ್ಷರವೂ ತಪ್ಪಾಗಿ ಕಾಣಲಿಲ್ಲ. ಎದುರಿನ ಪುಟ ಖಾಲಿಯಿತ್ತು. ಅದನ್ನು ತೆಗೆದುಕೊಂಡು ಹೋಗಿ ಕನ್ನಡ ಮೇಷ್ಟ್ರ ಮುಂದೆ ಹಿಡಿದದ್ದು ನನ್ನ ಜೀವಮಾನದ ಮೂರ್ಖತನ.

ಮೇಷ್ಟ್ರು ಕನ್ನಡಕ ಏರಿಸಿದರು. ಕೆಂಪು ಪೆನ್ನು ತೆರೆದರು. ತಮ್ಮ ಪುಟವನ್ನು ಬಿಟ್ಟು ಅವಳ ಪುಟಕ್ಕೆ ಕೈ ಹಾಕಿ, ‘ಆ’ ಹೊಡೆದು ‘ಹಾ’ ಮಾಡಿದರು, ಎರಡು ‘ಬ’ಗಳ ಹೊಟ್ಟೆ ಸೀಳಿ ಮಹಾಪ್ರಾಣ ಕೊಟ್ಟರು, ಕೆಳಗೆ ಹತ್ತಕ್ಕೆ ಐದು ಅಂಕ ಹಾಕಿ ಸಹಿ ಮಾಡಿ ದಿನಾಂಕ ನಮೂದಿಸಿದರು. ‘ನನ್ನದು ಆಯಿತಲ್ಲ’ ಎಂದು ಪುಸ್ತಕ ಮಡಿಸಿ ಕೊಟ್ಟರು. ಎದುರಿನ ಪುಟ ಖಾಲಿಯೇ ಉಳಿಯಿತು.

ಮುಂದೆ ಕೆಲಸ ಹುಡುಕಿಕೊಂಡು ಬೆಂಗಳೂರಿಗೆ ಬಂದೆ. 1996ರ ಮಾತು. ಶ್ರೀನಾಥ್, ಕುಂಬ್ಳೆ, ವೆಂಕಟೇಶ ಪ್ರಸಾದ್, ದ್ರಾವಿಡ್, ಸುನಿಲ್ ಜೋಶಿ ಎಂದು ಭಾರತ ತಂಡದಲ್ಲಿ ನಮ್ಮವರದೇ ಸುಗ್ಗಿ. ಆ ವರ್ಷದ ಮಾರ್ಚ್ 9ರಂದು ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ನಡೆದ ವಿಶ್ವಕಪ್ ಕ್ವಾರ್ಟರ್ ಫೈನಲ್ಲಿನಲ್ಲಿ ಪ್ರಸಾದ್ ಪಾಕಿಸ್ತಾನದ ಅಮೀರ್ ಸೊಹೇಲ್‌ನ ಸ್ಟಂಪು ಹಾರಿಸಿದ್ದರು. ಊರಿಗೆ ಊರೇ ಇನ್ನೂ ಅದರ ಅಮಲಿನಲ್ಲಿತ್ತು. ನಮ್ಮವರ ಹತ್ತಿರಕ್ಕಂತೂ ಸುಳಿಯಲು ಆಗುತ್ತಿರಲಿಲ್ಲ. ಹೀಗಾಗಿ ರಣಜಿ ಪಂದ್ಯಕ್ಕೆ ಬಂದಿದ್ದ ಪರವೂರಿನ ತಂಡವೇ ಸಾಕೆಂದು ಒಂದು ಸಂಜೆ ಗೇಟಿನ ಬಳಿ ಕಾದು ನಿಂತೆ. ಆಟಗಾರರು ಬಸ್ಸು ಹತ್ತಿ ಕುಳಿತಿದ್ದರು. ಕಿಟಕಿಯಿಂದ ಒಂದು ಕೈ ಹೊರಬಂತು. ಪುಸ್ತಕ ಕೊಟ್ಟೆ. ಕೈ ಮತ್ತೆ ಹೊರಬಂತು. ತಂದೆಯವರ ಹೀರೋ ಪೆನ್ನನ್ನೂ ಕೊಟ್ಟೆ.

ಪುಸ್ತಕ ಸೀಟಿನಿಂದ ಸೀಟಿಗೆ ಹಿಂದಕ್ಕೆ ಸಾಗುತ್ತಿರುವುದು ಗಾಜಿನೊಳಗಿಂದ ಕಾಣುತ್ತಿತ್ತು. ಒಂದು, ಎರಡು, ಐದು... ಇಡೀ ತಂಡ! ಎಣಿಸುತ್ತಿರುವಾಗಲೇ ಬಸ್ಸು ಹೊರಟಿತು. ಈಗ ಅನಿಲ್ ಕುಂಬ್ಳೆ ವೃತ್ತ ಎಂದು ಕರೆಯುವ ಕಡೆಯವರೆಗೆ ಬೆನ್ನಟ್ಟಿ ಓಡಿದೆ. ಸಿಗ್ನಲ್ ಕೆಂಪಾಗಲಿ ಎಂದು ದೇವರಿಗೆ ಹರಕೆ ಹೊತ್ತವನು ಬೆಂಗಳೂರಿನಲ್ಲಿ ನಾನೊಬ್ಬನೇ ಇರಬೇಕು. ಹಸಿರೇ ಇತ್ತು. ತಿಳಿಗೆಂಪು ಹಾಳೆ, ಹತ್ತಕ್ಕೆ ಐದು, ಮಂಗ, ಎಲ್ಲವೂ ಹೋಯಿತು. ಅದೇ ಬಣ್ಣದ ಇನ್ನೊಂದು ಹೀರೋ ಪೆನ್ನು ಕೊಂಡು ತಂದೆಗೆ ಕೊಟ್ಟೆ. ಅವರು ಹಾಳೆಯ ಅಂಚಿನಲ್ಲಿ ಒಂದು ಸಹಿ ಗೀಚಿ ನೋಡಿ, ‘ಇದು ನನ್ನ ಸಹಿಯಂತೆ ಕಾಣುವುದಿಲ್ಲವಲ್ಲ’ ಎಂದರು. ಬೇರೇನೂ ಕೇಳಲಿಲ್ಲ.

ಆಮೇಲೆ ಬಹಳ ಕಾಲ ಈ ಸಹವಾಸಕ್ಕೆ ಹೋಗಲಿಲ್ಲ. ಕೆಲವು ವರ್ಷಗಳ ಹಿಂದೆ ಸಾಹಿತ್ಯ ಸಮ್ಮೇಳನವೊಂದಕ್ಕೆ ಹೋಗಿದ್ದಾಗ ಹಳೆಯ ಹುಚ್ಚು ಮತ್ತೆ ಕೆರಳಿತು. ಒಂದು ಕಡೆ ಊಟದ ಸಾಲನ್ನೂ ಮೀರಿಸುವಂಥ ಸಾಲು. ‘ಏನಿಲ್ಲಿ?’ ಎಂದರೆ, ‘ಸಹಿ ಹಾಕಿಕೊಡುತ್ತಿದ್ದಾರೆ’ ಎಂದರು. ಯಾವ ಸಾಹಿತಿ ಎಂದು ಕೇಳಲು ನಾಚಿಕೆಯಾಗಿ ಸೇರಿಕೊಂಡೆ. ಬಿಸಿಲಿನಲ್ಲಿ ಒಂದು ಗಂಟೆ ನಿಂತೆ. ಕನ್ನಡಿಗರ ಸಾಹಿತ್ಯಾಭಿಮಾನ ನೆನೆದು ಕಣ್ಣು ತೇವವಾಯಿತು. ಮುಂದಿದ್ದವರು ‘ತಮ್ಮದು ಯಾವ ತಾಲ್ಲೂಕು, ಯಾವ ಶಾಲೆ?’ ಎಂದು ವಿಚಾರಿಸಿದಾಗಲಾದರೂ ಅನುಮಾನ ಬರಬೇಕಿತ್ತು. ಮೇಜಿನ ಹಿಂದಿದ್ದವರು ತಲೆಯೆತ್ತದೆ ‘ಹೆಸರು?’ ಎಂದರು. ಹೆಸರು ಬರೆದು ಆತ್ಮೀಯವಾಗಿ ಸಹಿ ಮಾಡುತ್ತಾರೆಂದು ಹಿಗ್ಗಿ ಹೇಳಿದೆ. ‘ಹುದ್ದೆ?’ ಅದನ್ನೂ ಹೇಳಿದೆ. ಸಹಿ ಬಿತ್ತು, ಮೇಲೆ ದಪ್ಪನೆ ಮೊಹರೂ ಬಿತ್ತು. ನಾನು ಮೂರೂ ದಿನ ಸಮ್ಮೇಳನದಲ್ಲಿ ಹಾಜರಿದ್ದೆನೆಂಬ, ಸರ್ಕಾರಿ ನೌಕರರ ರಜೆ ಉಳಿಸುವ ಓಓಡಿ ಪ್ರಮಾಣಪತ್ರ! ಖಾಸಗಿ ಕಂಪನಿಯಲ್ಲಿ ದುಡಿಯುವ ನನಗೆ ಅದರಿಂದ ಅರ್ಧ ದಿನದ ರಜೆಯೂ ಹುಟ್ಟುವುದಿಲ್ಲ.

ಪ್ರಮಾಣಪತ್ರ ಮಡಿಸಿಕೊಂಡು ಪುಸ್ತಕ ಮಳಿಗೆಗಳ ಕಡೆ ನಡೆದರೆ, ಅಲ್ಲಿ ಕವಿಯೊಬ್ಬರು ಪೆನ್ನಿನ ಮುಚ್ಚಳ ತೆಗೆದಿಟ್ಟುಕೊಂಡು ಒಬ್ಬರೇ ಕುಳಿತಿದ್ದರು. ನಾನು ಗಡಿಬಿಡಿಯಿಂದ ಅವರ ಸಂಕಲನ ಕೈಗೆತ್ತಿಕೊಂಡೆ. ಅವರ ಕಣ್ಣು ನನ್ನ ಕೈಯ ಕಾಗದದ ಮೇಲಿತ್ತು. ‘ಓಓಡಿ ಎಲ್ಲಿ ಕೊಡುತ್ತಿದ್ದಾರೆ, ಸ್ವಾಮಿ? ಸಾಲು ಬಹಳ ಇದೆಯೇ?’ ಎಂದರು.

ಕಳೆದ ತಿಂಗಳು ಬ್ಯಾಂಕಿನಿಂದ ನನ್ನ ಚೆಕ್ಕು ವಾಪಸು ಬಂತು. ಸಹಿ ತಾಳೆಯಾಗುತ್ತಿಲ್ಲವಂತೆ. ಖಾತೆ ತೆರೆದದ್ದು ಮೊದಲ ಸಂಬಳ ಬಂದಾಗ, ಅದೇ 1996ರಲ್ಲಿ. ಕೌಂಟರಿನ ಹುಡುಗಿ ಕಂಪ್ಯೂಟರಿನ ಪರದೆಯನ್ನು ನನ್ನ ಕಡೆ ತಿರುಗಿಸಿದಳು. ನೋಡುತ್ತೇನೆ, ಗಣಿತದ ನೋಟ್‌ಬುಕ್ಕಿನ ಅದೇ ಸಹಿ! ಆಕಾಶಕ್ಕೆ ಚಿಮ್ಮಿದ ತಲೆಕಟ್ಟು, ಹೊಟ್ಟೆ ಸೀಳಿದ ಬಾಲ, ಎರಡು ಗೆರೆ, ಎರಡು ಚುಕ್ಕಿ. ‘ಹೀಗೇ ಹಾಕಿ ಸರ್’ ಎಂದಳು. ಹಾಕಿದೆ. ಬಾಲ ಹೊಟ್ಟೆಗೆ ತಾಗದೆ ಪಕ್ಕದಲ್ಲೇ ಹಾದುಹೋಯಿತು. ಇನ್ನೊಮ್ಮೆ ಹಾಕಿದೆ, ಚುಕ್ಕಿ ಮೂರಾಯಿತು. ನಾಲ್ಕನೆಯ ಸಲಕ್ಕೆ ಕೈ ನಡುಗತೊಡಗಿತು. ಹಿಂದಿದ್ದವರು ಇಣುಕಿ ನೋಡುತ್ತಿದ್ದರು, ಕಳ್ಳಸಹಿ ಮಾಡುವವನನ್ನು ನೋಡುವಂತೆ.

ಹುಡುಗಿಗೆ ಕರುಣೆ ಬಂದಿರಬೇಕು. ‘ಹೋಗಲಿ ಬಿಡಿ ಸರ್, ಆಧಾರ್ ಇದೆಯಲ್ಲ, ಹೊಸ ಸಹಿ ತೆಗೆದುಕೊಳ್ಳೋಣ. ಮೊದಲು ಇಲ್ಲಿ ಹೆಬ್ಬೆಟ್ಟು ಒತ್ತಿ’ ಎಂದು ಪುಟ್ಟ ಯಂತ್ರವನ್ನು ಮುಂದಕ್ಕೆ ತಳ್ಳಿದಳು. ಒತ್ತಿದೆ. ಯಂತ್ರ ಒಂದೇ ಏಟಿಗೆ ಒಪ್ಪಿಕೊಂಡಿತು. ಅದರಲ್ಲಿ ಮಸಿ ಇರುವುದಿಲ್ಲವೆಂದು ಗೊತ್ತಿದ್ದೂ, ಹೆಬ್ಬೆರಳನ್ನು ತಲೆಗೂದಲಿಗೆ ಒರೆಸಿಕೊಳ್ಳುತ್ತ ಹೊರಗೆ ಬಂದೆ.