ಜೋಸೆಫಿನಾ ಮತ್ತು ಅವಳ ಕೋಳಿಗಳು

ಎಲೆನಾ ಪೊನಿಯಾಟೊವ್‌ಸ್ಕಾ ಅಂದರೆ ಮೆಕ್ಸಿಕೊದ ಸಾಹಿತ್ಯ, ಪತ್ರಿಕೋದ್ಯಮದಲ್ಲಿ ದೊಡ್ಡ ಹೆಸರು. ಪೋಲೆಂಡಿನ ರಾಜಮನೆತನದ ಕುಡಿ, ಹುಟ್ಟಿದ್ದು 1932ರಲ್ಲಿ, ಪ್ಯಾರಿಸ್‌ನಲ್ಲಿ. ಮಹಾಯುದ್ಧದ ನಡುವೆ, ಹತ್ತನೇ ವಯಸ್ಸಿನಲ್ಲಿ ಮೆಕ್ಸಿಕೊಗೆ ಬಂದರು. ಮನೆಯಲ್ಲಿ ಫ್ರೆಂಚ್, ಶಾಲೆಯಲ್ಲಿ ಇಂಗ್ಲಿಷ್. ಸ್ಪ್ಯಾನಿಷ್ ಕಲಿಸಿದ್ದು ಮನೆಗೆಲಸದ ಹೆಂಗಸರು. ಮುಂದೆ ಇಡೀ ಜೀವನ ಬರೆದದ್ದು ಆ ಭಾಷೆಯಲ್ಲೇ!

1953ರಲ್ಲಿ ಪತ್ರಿಕೆ ಸೇರಿ, ಹೆಚ್ಚುಕಮ್ಮಿ ದಿನಕ್ಕೊಂದು ಸಂದರ್ಶನ ಮಾಡಿದರು. ಅಲ್ಲೇ ಕಿವಿ ಪಳಗಿತು ಅಂತ ಕಾಣುತ್ತದೆ.

1968ರ ಅಕ್ಟೋಬರ್ 2, ಮೆಕ್ಸಿಕೊ ನಗರ. ಒಲಿಂಪಿಕ್ಸ್‌ಗೆ ಹತ್ತೇ ದಿನ ಬಾಕಿ. ತ್ಲಾತೆಲೋಲ್ಕೊ ಚೌಕದಲ್ಲಿ ಸರ್ಕಾರದ ವಿರುದ್ಧ ಸೇರಿದ್ದ ವಿದ್ಯಾರ್ಥಿಗಳ ಮೇಲೆ ಸೈನ್ಯ ಗುಂಡು ಹಾರಿಸಿತು. ಮರುದಿನ ಬೆಳಿಗ್ಗೆ ಎಲೆನಾ ಅಲ್ಲಿಗೆ ಹೋದಾಗ ಕಂಡದ್ದು ಯಾರದೋ ಕಾಲಿಂದ ಕಳಚಿಬಿದ್ದ ಚಪ್ಪಲಿ, ಬೂಟುಗಳು. ಆಮೇಲೆ ಜೈಲಿಗೆ ಹೋಗಿ ಹುಡುಗರ ಮಾತು ಕೇಳಿದರು, ತಾಯಂದಿರ ಮಾತು ಕೇಳಿದರು. 1971ರಲ್ಲಿ ಬಂದ ಪುಸ್ತಕದಲ್ಲಿ ಎಲೆನಾ ಮಾತು ಕಡಿಮೆ, ಜನರ ಮಾತೇ ಜಾಸ್ತಿ. ಅದಕ್ಕೆ ಪ್ರಶಸ್ತಿ ಕೊಡಲು ಬಂದರೆ, ಸತ್ತವರಿಗೆ ಯಾರು ಪ್ರಶಸ್ತಿ ಕೊಡ್ತಾರೆ ಅಂತ ಕೇಳಿ ಬೇಡವೆಂದರು. (2013ರಲ್ಲಿ ಸ್ಪ್ಯಾನಿಷ್ ಸಾಹಿತ್ಯದ ದೊಡ್ಡ ಗೌರವ ಸರ್ವಾಂತೆಸ್ ಪ್ರಶಸ್ತಿ ಬಂತು, ಅದನ್ನು ತೆಗೆದುಕೊಂಡರು.)

ಆದರೆ ನನ್ನ ತಲೆಯಲ್ಲಿ ಉಳಿದಿರುವುದು ಜೋಸೆಫಿನಾ. ಬಟ್ಟೆ ಒಗೆದು ಬದುಕುತ್ತಿದ್ದ ಬಡ ಹೆಂಗಸು. ಹರೆಯದಲ್ಲಿ ಮೆಕ್ಸಿಕೊ ಕ್ರಾಂತಿಯ ಸೈನ್ಯದ ಜೊತೆ ಅಲೆದವಳು. ಎಲೆನಾ ಪ್ರತಿ ಬುಧವಾರ ಮಧ್ಯಾಹ್ನ ಅವಳ ಕೋಣೆಗೆ ಹೋಗುತ್ತಿದ್ದರು. ಟೇಪ್ ರೆಕಾರ್ಡರ್ ತಂದರೆ, ನನ್ನ ಕರೆಂಟ್ ಬಿಲ್ ಯಾರು ಕಟ್ತಾರೆ ಅಂತ ಗದರಿದಳು. ಸುಮ್ನೆ ಕೂತು ಕತೆ ಕೇಳೋದಕ್ಕೆ ಬಿಡಲಿಲ್ಲ. ಕೋಳಿಗಳಿಗೆ ಹಗ್ಗ ಕಟ್ಟಿ ಬಿಸಿಲಿಗೆ ಕರ್ಕೊಂಡು ಹೋಗು ಅಂದಳು. ರಾಜಮನೆತನದ ಮಗಳು ಹೋದಳು!

ಆ ಬುಧವಾರಗಳಿಂದ 1969ರಲ್ಲಿ ಕಾದಂಬರಿ ಬಂತು, ಜೋಸೆಫಿನಾಳ ಹೆಸರು ಬದಲಾಯಿಸಿ. ಬಡವರ ಬಾಯಿಯ ಮಾತಿನಿಂದ ಬರೆಯುವವರು ಹೆಸರು ಮಾಡೋದು ನನಗೆ ಯಾವಾಗಲೂ ಸ್ವಲ್ಪ ಚುಚ್ಚುತ್ತದೆ. ಎಲೆನಾ ಮೇಲೂ ಆ ಸಿಟ್ಟಿತ್ತು, ಜೋಸೆಫಿನಾಳನ್ನು ಓದುವವರೆಗೆ. ಆಕೆ ಅಷ್ಟು ಸುಲಭವಾಗಿ ಬಿಟ್ಟುಕೊಡೋಳಲ್ಲ. ಹಸ್ತಪ್ರತಿ ಕೇಳಿ, ನಿನಗೆ ಏನೂ ಅರ್ಥವಾಗಿಲ್ಲ, ಎಲ್ಲಾ ಸುಳ್ಳು ಅಂದಳಂತೆ. ಎಲೆನಾ ಇದನ್ನು ಮುಚ್ಚಿಡಲಿಲ್ಲ, ತಾವೇ ಬರೆದುಕೊಂಡರು. ಆ ಒಂದು ಕಾರಣಕ್ಕೇ ನನಗೆ ಅವರ ಮೇಲೆ ನಂಬಿಕೆ.

ಪುಸ್ತಕ ಅಚ್ಚಾಗಿ ಬಂದಾಗ ಮುಖಪುಟದಲ್ಲಿ ಬಾಲ ಏಸುವಿನ ಚಿತ್ರವಿತ್ತು. ಜೋಸೆಫಿನಾಗೆ ಅದು ಹಿಡಿಸಿತು. ಹಂಚೋದಕ್ಕೆ ಇಪ್ಪತ್ತು ಪ್ರತಿ ಬೇಕು ಅಂದಳಂತೆ.