ಇಜೆನ್ ಕುಳಿಯಲ್ಲಿ ಕಿಲೋ ಲೆಕ್ಕದ ಕೂಲಿ

ಇಂಡೋನೇಷ್ಯಾದ ಪೂರ್ವ ಜಾವಾದಲ್ಲಿರುವ ಇಜೆನ್ ಜ್ವಾಲಾಮುಖಿಯ ಗಂಧಕ ಹೊರುವವರ ಚಿತ್ರಗಳನ್ನು ಹಂಚಿಕೊಳ್ಳುವವರೆಲ್ಲ ಅವರ ಎದೆಗಾರಿಕೆಯನ್ನು ಹಾಡಿ ಹೊಗಳುತ್ತಾರೆ. ಎದೆಗಾರಿಕೆ ಇರುವುದು ನಿಜವೇ. ಆದರೆ ಅವರಿಗೆ ಕೂಲಿ ಸಿಗುವುದು ದಿನದ ಲೆಕ್ಕದಲ್ಲಲ್ಲ, ತೂಕದ ಲೆಕ್ಕದಲ್ಲಿ ಎಂಬ ಸಂಗತಿ ಈ ಹೊಗಳಿಕೆಯ ಭರದಲ್ಲಿ ಮರೆಯಾಗುತ್ತದೆ ಎಂಬುದೇ ನನ್ನ ತಕರಾರು.

ಬಿಸಿಲೇರುವ ಮುನ್ನ ಕೆಲಸ ಮುಗಿಸಲೆಂದು ಅನೇಕರು ಕತ್ತಲಿರುವಾಗಲೇ, ಏರುದಾರಿ ಶುರುವಾಗುವ ಪಾಲ್ತುಡಿಂಗ್ ಎಂಬ ಜಾಗದಿಂದ ಸುಮಾರು 3 ಕಿಲೋಮೀಟರ್ ಏರಿ, ಕುಳಿಯ ಅಂಚು ತಲುಪಿ, ಅಲ್ಲಿಂದ ಕಡಿದಾದ ಕಲ್ಲುದಾರಿಯಲ್ಲಿ ಒಳಗಿಳಿಯುತ್ತಾರೆ. ನೆಲದ ಬಿರುಕುಗಳಿಂದ ಹೊಮ್ಮುವ ಅನಿಲವನ್ನು ಅಲ್ಲಿ ಕೊಳವೆಗಳಲ್ಲಿ ಹಾಯಿಸಿರುತ್ತಾರೆ. ಕೊಳವೆಯ ಬಾಯಿಂದ ಕೆಂಪಗೆ ತೊಟ್ಟಿಕ್ಕುವ ಗಂಧಕ ಆರಿದಂತೆ ಅರಿಶಿನದ ಬಣ್ಣಕ್ಕೆ ತಿರುಗಿ ಗಟ್ಟಿಯಾಗುತ್ತದೆ; ಅದನ್ನು ಕಬ್ಬಿಣದ ಸರಳಿನಿಂದ ಒಡೆದು ಬುಟ್ಟಿಗೆ ತುಂಬಬೇಕು. ಗಾಳಿ ದಿಕ್ಕು ಬದಲಿಸಿತೆಂದರೆ ಹೊಗೆ ನೇರವಾಗಿ ಮುಖಕ್ಕೇ ಬರುತ್ತದೆ. ಮುಖಗವಸಿಲ್ಲದವರು ಒದ್ದೆ ಬಟ್ಟೆಯನ್ನು ಹಲ್ಲಿನಲ್ಲಿ ಕಚ್ಚಿಕೊಂಡು ಉಸಿರಾಡುತ್ತಾರೆ. ಪಕ್ಕದಲ್ಲೇ ಇರುವ ಸರೋವರದ ಸೊಗಸಾದ ನೀಲಿಹಸಿರು ನೀರು ತೀವ್ರ ಆಮ್ಲ; ಅದರ ಪಿಎಚ್ ಮಟ್ಟ 1ಕ್ಕಿಂತಲೂ ಕಡಿಮೆ. 2018ರ ಮಾರ್ಚ್‌ನಲ್ಲಿ ಈ ಕುಳಿಯಿಂದ ವಿಷಾನಿಲ ಉಕ್ಕಿ, ಸುತ್ತಲಿನ ಹಲವರು ಆಸ್ಪತ್ರೆ ಸೇರಬೇಕಾಗಿತ್ತು.

ಬಿದಿರಿನ ಅಡ್ಡೆಯ ಎರಡೂ ತುದಿಯ ಬುಟ್ಟಿಗಳು ಸೇರಿ 70ರಿಂದ 90 ಕಿಲೋ ತೂಗುತ್ತವೆ. ಹೊರುವವನ ಮೈತೂಕ ಎಷ್ಟೋ ಸಲ ಅದಕ್ಕಿಂತ ಕಡಿಮೆ. ವರ್ಷಗಟ್ಟಲೆ ಹೊತ್ತವರ ಭುಜದ ಮೇಲೆ ಅಡ್ಡೆ ಕೂರುವ ಜಾಗದಲ್ಲಿ ಮಾಂಸ ಗಡ್ಡೆಕಟ್ಟಿರುತ್ತದೆ. ಕಿಲೋಗೆ ಸಿಗುವುದು 1,000 ರೂಪಿಯಾದ ಆಸುಪಾಸು, ನಮ್ಮ ಲೆಕ್ಕದಲ್ಲಿ ಐದಾರು ರೂಪಾಯಿ. ಹೀಗಿರುವಾಗ ಇನ್ನೊಂದು ಗಟ್ಟಿಯನ್ನು ಬುಟ್ಟಿಗೆ ಹಾಕಬೇಕೋ ಬೇಡವೋ ಎಂಬುದನ್ನು ನಿರ್ಧರಿಸುವುದು ಧೈರ್ಯವಲ್ಲ, ಮನೆಯ ಖರ್ಚು.

ಈ ಗಂಧಕ ಸಕ್ಕರೆಯನ್ನು ಬೆಳ್ಳಗೆ ಮಾಡಲು, ರಬ್ಬರನ್ನು ಗಟ್ಟಿ ಮಾಡಲು ಬಳಕೆಯಾಗುತ್ತದೆ. (ಕಬ್ಬಿನ ಹಾಲಿಗೆ ಗಂಧಕದ ಹೊಗೆ ಹಾಯಿಸುವ ಪದ್ಧತಿ ನಮ್ಮ ಸಕ್ಕರೆ ಕಾರ್ಖಾನೆಗಳಿಗೂ ಹೊಸದಲ್ಲ.) ಜಗತ್ತಿಗೆ ಬೇಕಾದ ಗಂಧಕದ ಬಹುಪಾಲು ಇಂದು ತೈಲ ಮತ್ತು ಅನಿಲ ಶುದ್ಧೀಕರಣದ ಉಪ ಉತ್ಪನ್ನವಾಗಿಯೇ ದೊರೆಯುತ್ತದೆ. ಹಾಗಿದ್ದೂ ಇಜೆನ್‌ನ ಗಣಿ ಉಳಿದಿರುವುದು ಅಲ್ಲಿ ಮನುಷ್ಯನ ಹೆಗಲು ಅಗ್ಗವಾಗಿರುವುದರಿಂದಲೇ ಎಂದು ನನಗನ್ನಿಸುತ್ತದೆ.

ಈಚಿನ ವರ್ಷಗಳಲ್ಲಿ ಹೊರಮೈ ದಾರಿಗೆ ಎರಡು ಚಕ್ರದ ಗಾಡಿಗಳು ಬಂದಿವೆ. ಕುಳಿಯೊಳಗೆ ಮಾತ್ರ ಇಂದಿಗೂ ಹೆಗಲೇ ಗತಿ. ಗಂಧಕದ ಅನಿಲ ಹೊತ್ತಿ ಉರಿಯುವಾಗ ರಾತ್ರಿ ಕಾಣುವ ನೀಲಿ ಜ್ವಾಲೆ ನೋಡಲು ಬರುವ ಪ್ರವಾಸಿಗರನ್ನು ಅದೇ ಗಾಡಿಯಲ್ಲಿ ಕೂರಿಸಿಕೊಂಡು ಎಳೆಯುವ ಗಣಿಗಾರರೂ ಇದ್ದಾರೆ. ಇದು ಅವಮಾನಕರವೆಂದು ಮೂಗು ಮುರಿಯುವವರಿದ್ದಾರೆ. ನಾನು ಅವರ ಜೊತೆಗಿಲ್ಲ. ಆ ಕೆಲಸದಲ್ಲಿ ಗಂಧಕದ ಹೊಗೆ ಕಡಿಮೆ, ಮತ್ತು ಬಾಡಿಗೆ ಎಷ್ಟೆಂದು ಚೌಕಾಸಿ ಮಾಡುವ ಅವಕಾಶವಾದರೂ ಅವರಿಗಿದೆ.